ಚಿತ್ರನಿರ್ಮಾಪಕ ಲಕ್ಷಣ ಮೀಮಾಂಸೆ

1. ಪ್ರಸ್ತಾವ. 1934ರ ಮಾರ್ಚ್ 3ರಂದು ‘ಸತಿ ಸುಲೋಚನಾ’ ತೆರೆಕಂಡ ಲಾಗಾಯ್ತು ಕನ್ನಡ ವಾಕ್ಚಿತ್ರದ ಸಮಸ್ತ ಪದಾರ್ಥಗಳೂ ಯಥಾಶಕ್ತಿ ವಿಚಾರಿತವಾಗಿವೆ. ನಟನಿಗೆ ಅಭಿಮಾನಿ ಸಂಘವಿದೆ, ನಿರ್ದೇಶಕನಿಗೆ ವಿಚಾರಸಂಕಿರಣವಿದೆ, ಗೀತರಚನಕಾರನಿಗೆ ಸಮಗ್ರ ಸಂಪುಟವಿದೆ. ಆ ಚಿತ್ರಕ್ಕೆ ಹಣ ಹೂಡಿದ ಚಮನ್‌ಲಾಲ್ ಡೂಂಗಾಜಿಯವರ ಪರಂಪರೆಗೆ ಮಾತ್ರ ಶಾಸ್ತ್ರವಿಲ್ಲ. ಹಣ ಬೆಂಗಳೂರಿನದು, ಚಿತ್ರೀಕರಣ ಕೊಲ್ಹಾಪುರದ್ದು. ಕಾರಣ ಒಂದೆಡೆ, ಕಾರ್ಯ ಇನ್ನೊಂದೆಡೆ ಎಂಬ ಈ ವೈಯಧಿಕರಣ್ಯವೇ ಪ್ರಸ್ತುತ ಶಾಸ್ತ್ರದ ಬೀಜ.

2. ಲಕ್ಷಣ. ‘ಚಿತ್ರಕ್ಕೆ ಹಣ ಕೊಡುವವನು ನಿರ್ಮಾಪಕ’ ಎಂಬ ಲೋಕರೂಢಿಯ ಲಕ್ಷಣ ಅತಿವ್ಯಾಪ್ತ. ಬಡ್ಡಿಗೆ ಕೊಡುವ ಫೈನಾನ್ಶಿಯರ್‌ಗೂ, ಬ್ಲ್ಯಾಕ್‌ನಲ್ಲಿ ಟಿಕೆಟ್ ಕೊಳ್ಳುವ ಅಭಿಮಾನಿಗೂ ಅದು ಹೊಂದುತ್ತದೆ. ಡಾ. ರಾಜ್‌ಕುಮಾರ್ ಬಳಸುತ್ತಿದ್ದ ‘ಅನ್ನದಾತರು’ ಎಂಬುದು ಗೌರವವಚನ. ಲಕ್ಷಣವೆಂದು ಹಿಡಿದರೆ ಸೆಟ್ಟಿನಲ್ಲಿ ಊಟ ಬಡಿಸುವವನಿಗೂ ಸಲ್ಲುತ್ತದೆ. ‘ಲಾಭ ಪಡೆಯುವವನು’ ಎಂದರೆ ಅವ್ಯಾಪ್ತಿ. ಅದು ಅಸಂಭವ ದೋಷವೇ ಎನ್ನುವ ಉಗ್ರವಾದಿಗಳೂ ಗಾಂಧಿನಗರದಲ್ಲಿದ್ದಾರೆ. 2006ರ ‘ಮುಂಗಾರು ಮಳೆ’ ಪ್ರತ್ಯಕ್ಷಪ್ರಮಾಣವಾಗಿ ನಿಂತಿರುವುದರಿಂದ ಆ ಪಕ್ಷ ಅಗ್ರಾಹ್ಯ. ಆದುದರಿಂದ ನಮ್ಮ ಸೂತ್ರ: ‘ಸರ್ವೇಭ್ಯೋ ದತ್ತ್ವಾ ಶೇಷಭಾಙ್ ನಿರ್ಮಾಪಕಃ’. ಎಲ್ಲರಿಗೂ ಕೊಟ್ಟಾದ ಮೇಲೆ ಉಳಿದದ್ದಕ್ಕೆ ಭಾಗಿಯಾಗುವವನು ನಿರ್ಮಾಪಕ. ಶೇಷವು ತ್ರಿವಿಧ: ಧನಶೇಷ, ಋಣಶೇಷ, ಫಲಕಶೇಷ. ಫಲಕವೆಂದರೆ ಶತದಿನೋತ್ಸವದ ಶೀಲ್ಡು.

3. ದ್ರವ್ಯಮೂಲಾನುಸಾರಿ ವಿಭಾಗ. ನಿರ್ಮಾಪಕನು ಚತುರ್ವಿಧ. ‘ಕಲಾಜ’ನು ನಟನೆಯಲ್ಲಿ ಗಳಿಸಿ ನಿರ್ಮಾಣದಲ್ಲಿ ವ್ಯಯಿಸುವವನು. ದ್ವಾರಕೀಶ್ ಈ ವರ್ಗದ ಶ್ರೇಷ್ಠ ಉದಾಹರಣೆ. 1969ರ ‘ಮೇಯರ್ ಮುತ್ತಣ್ಣ’ದಿಂದ 2004ರ ‘ಆಪ್ತಮಿತ್ರ’ದವರೆಗಿನ ಅವರ ಪಥದಲ್ಲಿ ಧನಶೇಷ ಋಣಶೇಷಗಳೆರಡೂ ಪರ್ಯಾಯವಾಗಿ ದೃಷ್ಟವಾಗಿವೆ. ‘ಗೃಹಜ’ ವರ್ಗದಲ್ಲಿ ನಟನೂ ನಿರ್ಮಾಪಕರೂ ಒಂದೇ ಮನೆಯವರು. ಪಾರ್ವತಮ್ಮ ರಾಜ್‌ಕುಮಾರ್ ಅವರ ಸಂಸ್ಥೆ ಇಲ್ಲಿ ಪ್ರಮಾಣ. ಕಾಲ್‌ಶೀಟಿಗಾಗಿ ಬೇರೊಬ್ಬರ ಬಾಗಿಲಲ್ಲಿ ಕಾಯುವ ಕ್ಲೇಶ ಈ ವರ್ಗಕ್ಕಿಲ್ಲ. ‘ಗಣಜ’ಕ್ಕೆ ಪ್ರೇಕ್ಷಕರೇ ಹಣ ಹೂಡಿದ 2013ರ ‘ಲೂಸಿಯಾ’ ಉದಾಹರಣೆ. ಇಲ್ಲಿ ನಿರ್ಮಾಪಕತ್ವವೂ ಪ್ರೇಕ್ಷಕತ್ವವೂ ಒಂದೇ ಅಧಿಕರಣದಲ್ಲಿ ಸೇರಿ ಸಾಂಕರ್ಯ ದೋಷವುಂಟಾಗುತ್ತದೆ. ಚಿತ್ರ ಚೆನ್ನಾಗಿದ್ದುದರಿಂದ ಶಾಸ್ತ್ರವು ಕ್ಷಮಿಸುತ್ತದೆ.

ವಿಸ್ತರಣಾರ್ಹನು ‘ಕ್ಷೇತ್ರಜ’ನು. ಧರ್ಮಶಾಸ್ತ್ರದ ಕ್ಷೇತ್ರಜ ಪುತ್ರನೊಂದಿಗೆ ಇವನನ್ನು ಬೆರೆಸಬಾರದು. ಇವನ ಕ್ಷೇತ್ರವು ಮೂವತ್ತು ನಲವತ್ತರ ಅಳತೆಯದು, ಬಡಾವಣೆಯಲ್ಲಿರುವುದು. ಇವನಿಗೂ ಪುತ್ರನಿಗೂ ಸಂಬಂಧವಿಲ್ಲವೆಂದಲ್ಲ. ಬಹುಮಟ್ಟಿಗೆ ಪುತ್ರನೇ ಇಲ್ಲಿ ನಿಮಿತ್ತಕಾರಣ. ಅದರಲ್ಲಿ ಮೂರು ಭೇದ: (ಅ) ಪುತ್ರನು ನಾಯಕನಾಗಿರುವುದು, (ಆ) ಪುತ್ರನ ಸ್ನೇಹಿತನು ನಿರ್ದೇಶಕನಾಗಿರುವುದು, (ಇ) ಉಭಯ. ಉಭಯನಿಮಿತ್ತ ಚಿತ್ರಗಳಲ್ಲಿ ಕಥೆಯ ಅಭಾವ ದೃಷ್ಟವಾಗುತ್ತದೆ. ಅಭಾವವೂ ಒಂದು ಪದಾರ್ಥವೆಂದು ವೈಶೇಷಿಕರು ಒಪ್ಪಿರುವುದರಿಂದ ಚಿತ್ರೀಕರಣಕ್ಕೆ ಬಾಧಕವಿಲ್ಲ.

4. ಪರ್ಯವಸಾನಾನುಸಾರಿ ವಿಭಾಗ. ಯಾತ್ರೆ ಎಲ್ಲಿ ನಿಲ್ಲುವುದೋ ಅದರಂತೆ ನಿರ್ಮಾಪಕನು ಮುಹೂರ್ತಾಂತ, ಕೂಷ್ಮಾಂಡಾಂತ, ಶುಕ್ರವಾಸರಾಂತ ಎಂದು ತ್ರಿವಿಧ. ಮುಹೂರ್ತಾಂತನು ವಾಣಿಜ್ಯ ಮಂಡಳಿಯಲ್ಲಿ ಶೀರ್ಷಿಕೆ ನೋಂದಾಯಿಸಿ, ದೇವಸ್ಥಾನದಲ್ಲಿ ಕ್ಲಾಪ್ ಮಾಡಿಸಿ, ಪತ್ರಕರ್ತರಿಗೆ ಊಟ ಹಾಕಿ ವಿರಮಿಸುವನು. ಮೂವರಲ್ಲಿ ಇವನ ಋಣಶೇಷವೇ ಅಲ್ಪತಮವಾದ್ದರಿಂದ ಇವನನ್ನು ಮಂದಭಾಗ್ಯನೆನ್ನುವುದು ಅವಿಚಾರ. ಕೂಷ್ಮಾಂಡಾಂತನು ಚಿತ್ರೀಕರಣ ಮುಗಿಸಿ ಕುಂಬಳಕಾಯಿ ಒಡೆದವನು. ಅವನ ಚಿತ್ರ ಡಬ್ಬಾವಸ್ಥೆಯಲ್ಲಿದೆ. ಡಬ್ಬವೆಂಬ ವಸ್ತು ಲುಪ್ತವಾಗಿ ಹಾರ್ಡ್ ಡಿಸ್ಕ್ ಬಂದರೂ ಅವಸ್ಥೆಯ ಹೆಸರು ಬದಲಾಗಿಲ್ಲ, ಅವಸ್ಥೆಯೂ ಬದಲಾಗಿಲ್ಲ. ಶುಕ್ರವಾಸರಾಂತನ ವಿಷಯದಲ್ಲಿ ಒಂದು ತತ್ತ್ವ ಅವಶ್ಯಜ್ಞೇಯ: ಕೆಂಪೇಗೌಡ ರಸ್ತೆಯ ಪದ್ಧತಿಯಲ್ಲಿ ಚಿತ್ರಮಂದಿರದ ವಾರದ ಬಾಡಿಗೆಯು ನಿತ್ಯ, ಪ್ರೇಕ್ಷಕನು ಅನಿತ್ಯ. ಶೇಕಡಾವಾರು ಪದ್ಧತಿ ಬರಬೇಕೆಂಬ ನಿರ್ಮಾಪಕರ ಬಹುಕಾಲದ ಬೇಡಿಕೆಯು ಬಾಡಿಗೆಗೂ ಅನಿತ್ಯತ್ವವನ್ನು ಸಾಧಿಸುವ ದಾರ್ಶನಿಕ ಪ್ರಯತ್ನ.

5. ಪೂರ್ವಪಕ್ಷ. ಋಣಶೇಷವನ್ನು ಅನುಭವಿಸಿದವನು ಎರಡನೆಯ ಚಿತ್ರವನ್ನು ಏಕೆ ಘೋಷಿಸುತ್ತಾನೆ? ಮೋಹವೆಂದು ಕೆಲವರು, ಹಟವೆಂದು ಮನೆಯವರು. ಎರಡೂ ಸಲ್ಲದು. ನಮ್ಮ ಸೂತ್ರದಂತೆ ಎಲ್ಲರಿಗೂ ಕೊಟ್ಟಾದ ಹೊರತು ಶೇಷವು ನಿರ್ಣೀತವಾಗದು. ಬಿಕೆಟಿ ವಿತರಣಾವಲಯದ ಲೆಕ್ಕ ಬಂದರೆ ಎಂಎಂಸಿಎಚ್ ವಲಯದ ಲೆಕ್ಕ ಬಾಕಿ. ಅದೂ ಬಂದರೆ ಪೋಸ್ಟರ್ ಅಂಟಿಸಿದವನ ಬಿಲ್ಲು ಬಾಕಿ. ಲೆಕ್ಕ ಮುಗಿಯದೆ ಶೇಷವಿಲ್ಲ, ಶೇಷವಿಲ್ಲದೆ ನಿರ್ಮಾಪಕತ್ವವಿಲ್ಲ. ಅಂದಮೇಲೆ ಮೊದಲ ಚಿತ್ರದಿಂದ ಅವನು ಶಾಸ್ತ್ರತಃ ಇನ್ನೂ ನಿರ್ಮಾಪಕನಾಗಿಯೇ ಇಲ್ಲ, ಕೇವಲ ನಿರ್ಮಾಪಕಕಲ್ಪ. ಎರಡನೆಯದು ಅವನಿಗೆ ವಾಸ್ತವವಾಗಿ ಮೊದಲನೆಯದೇ. ಇದೇ ನ್ಯಾಯದಿಂದ ಮೂರನೆಯದೂ.

6. ಫಲಕಶೇಷ ವಿಚಾರ. ಒಂದೇ ಮಂದಿರದಲ್ಲಿ 100 ದಿನ ಓಡಿದರೆ ವಿವಾದವಿಲ್ಲ. ನಾಲ್ಕು ಮಂದಿರಗಳಲ್ಲಿ ತಲಾ 25 ದಿನ ಓಡಿದ ಚಿತ್ರಕ್ಕೆ ಫಲಕಾಧಿಕಾರವಿದೆಯೇ? ಸಂಕಲನಗಣಿತ ಅನುಕೂಲವಾಗಿದೆ, ಮುಖ್ಯ ಅತಿಥಿಗಳೂ ಒಪ್ಪುತ್ತಾರೆ. ಆದರೆ ಫಲಕ ತಯಾರಿಸುವವನು ಮುಂಗಡ ಕೇಳುತ್ತಾನೆ. ಅವನೂ ‘ಸರ್ವೇಭ್ಯಃ’ ಎಂಬುದರಲ್ಲಿ ಅಂತರ್ಭೂತನಾದ್ದರಿಂದ ಲೆಕ್ಕವನ್ನು ಪುನಃ ತೆರೆಯತಕ್ಕದ್ದು.