ಹರಿಯದ ಚೀಟಿ

ಮುಂಬಯಿಯ ಚೋರ್ ಬಜಾರಿನಲ್ಲಿ ಮಟನ್ ಸ್ಟ್ರೀಟ್ ಎಂಬ, ಸಸ್ಯಾಹಾರಿಗಳನ್ನು ದೂರದಿಂದಲೇ ಬೆದರಿಸುವ ಹೆಸರಿನ ಬೀದಿಯೊಂದುಂಟು. ಆದರೆ ಮಾಟುಂಗಾದಲ್ಲಿ ಮೂವತ್ತು ವರ್ಷ ಸಾರನ್ನವುಂಡು ಬೆಳೆದ ನನ್ನ ದೇಹವನ್ನು ಅಲ್ಲಿಗೆ ಸೆಳೆದೊಯ್ಯುತ್ತಿದ್ದುದು ಮಾಂಸವಲ್ಲ, ಹಳೆಯ ಗಡಿಯಾರ, ಕಂಠ ಕಟ್ಟಿದ ಗ್ರಾಮಫೋನುಗಳ ನಡುವೆ ನನ್ನಂಥವರ ಗೃಹಸ್ಥಾಶ್ರಮವನ್ನು ಕೆಡಿಸಲೆಂದೇ ಮಡಿಸಿಟ್ಟಿರುವ ಹಿಂದೀ ಚಲಚ್ಚಿತ್ರಗಳ ಭಿತ್ತಿಪತ್ರ, ಹಾಡಿನ ಪುಸ್ತಕಗಳ ರಾಶಿ.

ಈ ವ್ಯಸನಕ್ಕೂ ಒಂದು ಶಾಸ್ತ್ರವಿದೆ. ಚಿತ್ರವು ಮೊದಲು ತೆರೆಕಂಡಾಗ ಅಚ್ಚಾದ ಭಿತ್ತಿಪತ್ರವು ಶ್ರುತಿ. ಮರುಬಿಡುಗಡೆಯ ಕಾಲದ್ದು ಬರಿಯ ಸ್ಮೃತಿ. ಗೋಡೆಯನ್ನೇರಿ ಸ್ವಧರ್ಮವನ್ನು ನಡೆಸಿದ ಕಾಗದವು ಮೈದಾ ಅಂಟಿನಲ್ಲಿ ಬೆಂದು ಮಳೆಯಲ್ಲಿ ಕರಗಿಹೋಯಿತು. ಕರ್ತವ್ಯಭ್ರಷ್ಟವಾಗಿ ಗೋದಾಮಿನಲ್ಲಿ ಮಲಗಿ ನಿದ್ರಿಸಿದ್ದಕ್ಕೆ ಇಂದು ಚಿನ್ನದ ಬೆಲೆ! 1931ರ ಮಾರ್ಚ್ 14ರಂದು ಮುಂಬಯಿಯ ಮೆಜೆಸ್ಟಿಕ್ ಚಿತ್ರಮಂದಿರದಲ್ಲಿ ಮಾತನಾಡಿದ ‘ಆಲಂ ಆರಾ’ಕ್ಕೆ ನಾಲ್ಕಾಣೆಯ ಟಿಕೆಟ್ಟು ನಾಲ್ಕೈದು ರೂಪಾಯಿಗೆ ಬಿಕರಿಯಾಯಿತಂತೆ, ಆ ಚಿತ್ರದ ಒಂದು ಪ್ರತಿಯೂ ಈಗ ಉಳಿದಿಲ್ಲ, ಉಳಿದಿರುವುದು ಕೆಲವು ಛಾಯಾಚಿತ್ರ, ಜಾಹೀರಾತುಗಳಷ್ಟೆ.

ನನ್ನ ರೋಗದ ಮೂಲ 1960ರ ಆಗಸ್ಟ್ 5. ಅಂದು ‘ಮೊಘಲ್-ಎ-ಆಜಂ’ ಚಿತ್ರದ ಸುರುಳಿಗಳು ಆನೆಯ ಮೇಲೆ ಮೆರವಣಿಗೆಯಲ್ಲಿ ಮರಾಠಾ ಮಂದಿರಕ್ಕೆ ಬಿಜಯಂಗೈದುವು. ಪ್ರಥಮ ಪ್ರದರ್ಶನದ ಆಮಂತ್ರಣಗಳನ್ನು ಬಾದಶಹನ ಫರ್ಮಾನಿನಂತೆ ಉರ್ದುವಿನಲ್ಲಿ ರಚಿಸಿದ್ದರೆಂದು ಪ್ರತೀತಿ. ನನಗೆ ಫರ್ಮಾನೂ ಬರಲಿಲ್ಲ, ಸಾಲಿನಲ್ಲಿ ನಿಂತುದಕ್ಕೆ ಕಾಲು ಊದಿದ್ದುಳಿದು ಬೇರೇನೂ ದಕ್ಕಲಿಲ್ಲ. ಕೆಲವು ತಿಂಗಳು ಕಳೆದು, ನೂಕುನುಗ್ಗಲಡಗಿ, ಯಾರು ಬೇಕಾದರೂ ಹೋಗಬಹುದಾದ ಮೇಲೆ ನಾನೂ ಹೋಗಿ ನೋಡಿದೆ. ಚಿತ್ರ ಅದೇ, ಆದರೆ ಎಲ್ಲರಿಗೂ ಬಾಗಿಲು ತೆರೆದ ಸ್ವರ್ಗಕ್ಕೆ ಹೋದ ಇಂದ್ರನಿಗೂ ಅಷ್ಟು ಸುಖವಾಗಲಾರದು.

ಆದುದರಿಂದ, ಎಷ್ಟೋ ವರ್ಷಗಳ ತರುವಾಯ ಆ ಬೀದಿಯ ವ್ಯಾಪಾರಿಯೊಬ್ಬ ಅದೇ ಮೊದಲ ವಾರದ್ದೆಂದು ಒಂದು ಟಿಕೆಟ್ಟನ್ನು ಮುಂದಿಟ್ಟಾಗ, ಪಿಂಚಣಿಯ ಅರ್ಧವನ್ನು ಅವನ ಕೈಯಲ್ಲಿಟ್ಟು ಮನೆಗೆ ಬಂದೆ.

ಮನೆಯಾಕೆ ಅದನ್ನು ಬೆಳಕಿಗೆ ಹಿಡಿದಳು. “ಇದನ್ನು ಬಾಗಿಲಲ್ಲಿ ಹರಿದೇ ಇಲ್ಲವಲ್ಲ?”

“ಅದೇ ಇದರ ಹೆಚ್ಚಳ! ಹರಿದದ್ದಕ್ಕೆ ಬೆಲೆಯಿಲ್ಲ.”

“ಅಂದರೆ ಕೊಂಡವನು ಒಳಗೆ ಹೋಗಲಿಲ್ಲ. ನೀವೂ ಆಗ ಹೋಗಲಿಲ್ಲ. ಇಬ್ಬರು ಸಿನಿಮಾ ನೋಡದೆ ಇದ್ದುದಕ್ಕೆ ಇಷ್ಟು ದುಡ್ಡೇನ್ರೀ?”

ನನ್ನಲ್ಲಿ ಉತ್ತರವಿರಲಿಲ್ಲ. ದುಡ್ಡು ತೆತ್ತೂ ಒಳಗೆ ಹೋಗದ ಆ ಪುಣ್ಯಾತ್ಮನಿಗೆ ಅಂದು ಜ್ವರ ಬಂದಿತ್ತೋ, ಲೋಕಲ್ ರೈಲು ತಪ್ಪಿತ್ತೋ, ಅವನ ಮನೆಯಲ್ಲಿಯೂ ಇಂಥದೇ ಪ್ರಶ್ನೆ ಎದ್ದಿತ್ತೋ!

ಚೀಟಿ ಈಗ ಗಾಜಿನ ಚೌಕಟ್ಟಿನೊಳಗಿದೆ. ವಾಚಕ ಮಹಾಶಯರು ನೋಡಬಯಸಿದರೆ ಬರಬಹುದು. ಮುಂಚಿತವಾಗಿ ಕಾಗದ ಬರೆಯತಕ್ಕದ್ದು, ಒಮ್ಮೆಗೆ ಇಬ್ಬರಿಗೆ ಮಾತ್ರ ಪ್ರವೇಶ.