ಮಳೆಗಾಲದ ನೀರಿಗೊಂದು ವೇಳಾಪಟ್ಟಿ ಬೇಕು

ಮೆಕಾಂಗ್ ನದಿ ಆಯೋಗದ ಮಾನ್ಯ ಸದಸ್ಯರಿಗೆ,



1995ರಲ್ಲಿ ಚಿಯಾಂಗ್ ರಾಯ್‌ನಲ್ಲಿ ಥಾಯ್ಲೆಂಡ್, ಲಾವೋಸ್, ಕಾಂಬೋಡಿಯ, ವಿಯೆಟ್ನಾಂ ಸಹಿ ಹಾಕಿದ ಒಪ್ಪಂದದ 6ನೇ ವಿಧಿಯನ್ನು ದಯವಿಟ್ಟು ಮತ್ತೊಮ್ಮೆ ಓದಿ. ಮಳೆಗಾಲದಲ್ಲಿ ಟೊನ್ಲೆ ಸಾಪ್ ನದಿ ಸಹಜವಾಗಿ ಹಿಮ್ಮುಖ ಹರಿಯುವಷ್ಟು ನೀರು ನದಿಯಲ್ಲಿರಬೇಕು ಎಂದು ನೀವೇ ಒಪ್ಪಿದ್ದೀರಿ.

ಆ ಹಿಮ್ಮುಖ ಹರಿವು ಕಾಂಬೋಡಿಯದ ಅನ್ನದ ಪ್ರಶ್ನೆ. ಬೇಸಿಗೆಯಲ್ಲಿ ಟೊನ್ಲೆ ಸಾಪ್ ಸರೋವರದಿಂದ ಮೆಕಾಂಗ್‌ಗೆ ಇಳಿಯುವ ನದಿ, ಮಳೆಗಾಲದಲ್ಲಿ ಮೆಕಾಂಗ್ ಉಕ್ಕಿದಾಗ ದಿಕ್ಕು ತಿರುಗಿಸಿ ಸರೋವರ ತುಂಬುತ್ತದೆ. ಸರೋವರ ನಾಲ್ಕೈದು ಪಟ್ಟು ಹಿಗ್ಗುತ್ತದೆ. ಸುತ್ತಲಿನ ಕಾಡು ಮುಳುಗಿ ಮೀನಿನ ಮರಿಗಳಿಗೆ ಮೇವಾಗುತ್ತದೆ. ಸರೋವರದಂಚಿನ ಕಂಪೊಂಗ್ ಫ್ಲುಕ್‌ನ ಕಂಬದ ಮನೆಗಳಿಗೆ ಬೇಸಿಗೆಯಲ್ಲಿ ಉದ್ದನೆಯ ಏಣಿ ಹತ್ತಬೇಕು. ನೆರೆ ಬಂದಾಗ ದೋಣಿ ಬಾಗಿಲಿಗೇ ಬರುತ್ತದೆ. ನೀರಿಳಿದ ಮೇಲೆ ಡಿಸೆಂಬರ್–ಜನವರಿಯಲ್ಲಿ ಬಲೆಗೆ ಬಿದ್ದ ಸಣ್ಣ ಮೀನುಗಳ ತಲೆ ತೆಗೆದು, ಕಾಲಲ್ಲಿ ತುಳಿದು, ಉಪ್ಪು ಬೆರೆಸಿ ಜಾಡಿಗೆ ತುಂಬುತ್ತಾರೆ. ಪ್ರಹೋಕ್ ಎಂಬ ಈ ಉಪ್ಪುಮೀನು ಇದ್ದರೆ ಬಡವರ ಮನೆಯಲ್ಲಿ ವರ್ಷವಿಡೀ ಅನ್ನಕ್ಕೆ ನಂಚಿಕೊಳ್ಳಲು ಉಂಟು.

2019, 2020ರಲ್ಲಿ ಈ ಹಿಮ್ಮುಖ ಹರಿವು ತಡವಾಯಿತು, ಸೊರಗಿತು. ಮಳೆ ಕೈಕೊಟ್ಟಿದ್ದು ನಿಜ. ಆದರೆ ಚೀನಾದ ಯುನ್ನಾನ್‌ನ ಅಣೆಕಟ್ಟುಗಳು ಮಳೆಗಾಲದ ನೀರನ್ನು ಹಿಡಿದಿಟ್ಟು ಬೇಸಿಗೆಯಲ್ಲಿ ಬಿಡುವುದೂ ಅಷ್ಟೇ ನಿಜ. ಲಾವೋಸ್‌ನಲ್ಲಿ 1,285 ಮೆಗಾವಾಟ್‌ನ ಸಯಾಬುರಿ ಅಣೆಕಟ್ಟು 2019ರಲ್ಲೇ ಚಾಲೂ ಆಯಿತು. ಅದರ ವಿದ್ಯುತ್ತಿನ ಬಹುಪಾಲು ಥಾಯ್ಲೆಂಡಿಗೆ ಹೋಗುತ್ತದೆ. ಮೆಕ್ಕಲು ಅಣೆಕಟ್ಟುಗಳ ಹಿಂದೆ ನಿಲ್ಲುತ್ತದೆ, ಅಗೆದ ಮರಳು ದೋಣಿಗಟ್ಟಲೆ ಸಾಗಿಹೋಗುತ್ತದೆ, ವಿಯೆಟ್ನಾಂ ಮುಖಜಭೂಮಿಯಲ್ಲಿ ದಂಡೆ ಮನೆ ಸಮೇತ ಕುಸಿಯುತ್ತದೆ.

ನಿಮ್ಮ ಕೈ ಕಟ್ಟಿರುವುದೂ ಗೊತ್ತು. ಮುಖ್ಯ ನದಿಗೆ ಅಣೆಕಟ್ಟು ಕಟ್ಟುವ ಮೊದಲು ನೆರೆಯವರೊಂದಿಗೆ ಸಮಾಲೋಚಿಸಬೇಕು, ಆದರೆ ಬೇಡವೆಂದು ತಡೆಯುವ ಅಧಿಕಾರ ಯಾರಿಗೂ ಇಲ್ಲ. ಚೀನಾ, ಮ್ಯಾನ್ಮಾರ್ ಸದಸ್ಯರೇ ಅಲ್ಲ. ಆದರೂ ದಾರಿ ಮುಚ್ಚಿಲ್ಲ. 2020ರಲ್ಲಿ ಚೀನಾ ವರ್ಷವಿಡೀ ನೀರಿನ ಮಾಹಿತಿ ಕೊಡಲು ಒಪ್ಪಿತು. ಅದೇ ವರ್ಷ ಕಾಂಬೋಡಿಯ, ಮುಖ್ಯ ನದಿಗೆ ಹತ್ತು ವರ್ಷ ಅಣೆಕಟ್ಟು ಕಟ್ಟುವುದಿಲ್ಲ ಎಂದಿತು.

ಕಾವೇರಿಗಾಗಿ ನಮ್ಮಲ್ಲಿ ಇಂದಿಗೂ ಜಗಳ ನಿಂತಿಲ್ಲ. ಆದರೂ ಗಡಿಯ ಬಿಳಿಗುಂಡ್ಲುವಿನಲ್ಲಿ ಯಾವ ತಿಂಗಳು ಎಷ್ಟು ನೀರು ಹರಿಯಬೇಕೆಂಬ ಲೆಕ್ಕ ಬರಹದಲ್ಲಿದೆ; ತಪ್ಪಿದವರನ್ನು ಕೇಳಲು ಅದೇ ಆಧಾರ. ಮೆಕಾಂಗ್‌ಗೂ ಅಂಥದ್ದು ಬೇಕು. ಚೀನಾವನ್ನೂ ಕೂರಿಸಿಕೊಂಡು, ಜೂನ್‌ನಿಂದ ಅಕ್ಟೋಬರ್‌ವರೆಗೆ ಪ್ರತಿ ಅಣೆಕಟ್ಟು ಎಷ್ಟು ನೀರನ್ನು ತಡೆಯದೆ ಬಿಡಬೇಕೆಂದು ತಿಂಗಳುವಾರು ಬರೆದು ಪ್ರಕಟಿಸಿ. ಬರಗಾಲಕ್ಕೆ ಬೇರೆಯೇ ಸೂತ್ರವಿರಲಿ. ಅದು ಆಗುವತನಕ ಮುಖ್ಯ ನದಿಗೆ ಹೊಸ ಅಣೆಕಟ್ಟು ಬೇಡ.

ಇತಿ,
ನದಿಯ ಕೆಳದಂಡೆಯವರ ಪರವಾಗಿ,
ಒಬ್ಬ ಕನ್ನಡಿಗ