ಓಟಿಪಿ ಗುಡ್ಡದಿಂದ ಒಂದು ಬಹಿರಂಗ ಪತ್ರ

ಜಾವಳಿ, ಮೂಡಿಗೆರೆ ತಾಲ್ಲೂಕು
ಪುನರ್ವಸು ಮಳೆ, ಸಂಜೆ, ಕರೆಂಟಿಲ್ಲ

ತಿಂಗಳು ತಿಂಗಳು ಉಚಿತ ಆಟ ದಯಪಾಲಿಸುವ ಕಂಪನಿಯ ಗ್ರಾಹಕ ಸೇವಾ ವಿಭಾಗದವರಿಗೆ,

ಮಾನ್ಯರೇ,

ಈ ಕಾಗದ ಬರೆಯಲು ಕೂತಿರುವ ಹೊತ್ತಿಗೆ ನನ್ನ ಎಡಗಾಲಿನ ಹಿಮ್ಮಡಿಯಿಂದ ಇನ್ನೂ ರಕ್ತ ಇಳಿಯುತ್ತಿದೆ. ಗಾಬರಿ ಬೇಡ, ಉಂಬಳ ಕಚ್ಚಿದ್ದು. ಬೆಳಿಗ್ಗೆಯಿಂದ ಮೂರು ಸಲ ಮನೆ ಹಿಂದಿನ ಗುಡ್ಡ ಹತ್ತಿ ಇಳಿದೆ, ಹನ್ನೊಂದು ಉಂಬಳ ಕಿತ್ತು ಬಿಸಾಕಿದೆ. ಎಲ್ಲವೂ ತಾವು ಪ್ರೀತಿಯಿಂದ ಉಚಿತವಾಗಿ ಕೊಡುವ ಒಂದೇ ಒಂದು ಆಟಕ್ಕಾಗಿ. ಆಟಕ್ಕೆ ಹನ್ನೊಂದು ಉಂಬಳ ದುಬಾರಿಯೋ ಅಗ್ಗವೋ ನನಗೆ ತಿಳಿಯದು. ನಿಮ್ಮ ದರಪಟ್ಟಿಯಲ್ಲಿ ಉಂಬಳದ ಕಲಂ ಹುಡುಕಿದೆ, ಸಿಗಲಿಲ್ಲ.

ನನಗೆ ಅರವತ್ತೊಂದು ವರ್ಷ. ಆರೆಕರೆ ಕಾಫಿ, ಅದರ ಮರಗಳಿಗೆ ಹಬ್ಬಿಸಿದ ಮೆಣಸು. ಈ ವಯಸ್ಸಿಗೆ ಟಿವಿ ಮುಂದೆ ಕೂತು ಆಟ ಏನು ಅಂತ ಕೇಳುವವರು ನಮ್ಮ ಮಳೆಗಾಲ ನೋಡಿಲ್ಲ. ಇಲ್ಲಿ ಮಳೆಯನ್ನು ಇಂಚಿನಲ್ಲಿ ಅಳೆಯುತ್ತೇವೆ. ಇಬ್ಬರು ಎದುರಾದರೆ ಊಟ ಆಯ್ತಾ ಅನ್ನುವ ಮೊದಲು 'ನಿಮ್ಮಲ್ಲಿ ಎಷ್ಟಾಯ್ತು?' ಅಂತ ಕೇಳುತ್ತೇವೆ. ಬೆಂಗಳೂರಿನಲ್ಲಿರುವ ಮಗ ತನಗೆ ಹೊಸ ಆಟದ ಪೆಟ್ಟಿಗೆ ಕೊಂಡು ಹಳೆಯದನ್ನು ಇಲ್ಲಿ ತಂದಿಟ್ಟು, 'ಅಪ್ಪಾ, ಮಳೆಲಿ ಹೊತ್ತು ಹೋಗುತ್ತೆ' ಅಂದು ಚಂದಾ ಕಟ್ಟುವುದನ್ನೂ ಕಲಿಸಿ ಹೋದ. ಮೊದಲ ಮಳೆಗಾಲದಲ್ಲೇ ನಿಮ್ಮಿಂದ ಒಂದು ಒಕ್ಕಲುತನದ ಆಟ ಉಚಿತವಾಗಿ ಸಿಕ್ಕಿತು. ಹೊರಗೆ ಕಾಫಿ ಗಿಡಕ್ಕೆ ಕೊಳೆರೋಗ, ಒಳಗೆ ನಾನು ಯೂರೋಪಿನ ಯಾವುದೋ ಬಯಲಲ್ಲಿ ಬಿಸಿಲಿಗೆ ಮೈ ಕಾಯಿಸುತ್ತಾ ಗೋಧಿ ಕೊಯ್ಯುತ್ತಿದ್ದೆ. ಆ ಊರಲ್ಲಿ ಮೈಲುತುತ್ತ ಸುಣ್ಣ ಕಲಸುವ ಕೆಲಸವಿಲ್ಲ, ಆನೆ ಬರುವುದಿಲ್ಲ, ನಾಳೆ ಆಳು ಬರ್ತಾರೋ ಇಲ್ಲವೋ ಅನ್ನುವ ಚಿಂತೆಯಿಲ್ಲ. ನನ್ನ ಹೆಂಡತಿ ಒಂದು ದಿನ ಬಾಗಿಲಲ್ಲಿ ನಿಂತು ನೋಡಿ, 'ಅಲ್ಲಾದ್ರೂ ಲಾಭ ಆಗ್ತಿದ್ಯಾ?' ಅಂದಳು. ಆಗುತ್ತಿತ್ತು.

ಹೀಗೆ ಸುಖವಾಗಿದ್ದೆ ಮಾರಾಯ್ರೆ.

ಮೊನ್ನೆ ಪೆಟ್ಟಿಗೆ ಹಾಕಿದರೆ ಆಟದ ಚಿತ್ರದ ಮೇಲೆ ಒಂದು ಬೀಗ. ಪಕ್ಕದ ಆಟಕ್ಕೂ ಬೀಗ. ಎರಡು ವರ್ಷದಿಂದ ತಿಂಗಳು ತಪ್ಪದೆ ಕೂಡಿಹಾಕಿದ ಅಷ್ಟೂ ಆಟಗಳಿಗೆ ಒಂದೇ ಅಳತೆಯ ಬೀಗ. ನಿಮ್ಮ ಸಹಾಯದ ಕಿಟಕಿ ತೆರೆದು ಕೇಳಿದೆ. ಮೊದಲ ಉತ್ತರ: ದಯವಿಟ್ಟು ನಿಮ್ಮ ಯಂತ್ರವನ್ನು ಆಫ್ ಮಾಡಿ ಆನ್ ಮಾಡಿ. ಸ್ವಾಮಿ, ಆ ಸೇವೆಯನ್ನು ಇಲ್ಲಿ ಕರೆಂಟಿನವರು ದಿನಕ್ಕೆ ಹದಿನೆಂಟು ಸಲ, ನಾವು ಕೇಳದೆಯೇ ಮಾಡಿಕೊಡುತ್ತಾರೆ. ನಿಜವಾದ ಉಚಿತ ಸೇವೆ ಅಂದರೆ ಅದು.

ಎರಡನೆಯ ಉತ್ತರ: ಲೈಸೆನ್ಸ್ ಮರುಸ್ಥಾಪನೆ ಮಾಡಿ. ಮಾಡಿದೆ. ಮೂರನೆಯದು: ಆಟ ಪಡೆದ ಖಾತೆಯೂ ಈಗಿನ ಖಾತೆಯೂ ಒಂದೇ ದೇಶದ್ದೇ? ನಾನು ಜಾವಳಿ ಬಿಟ್ಟು ಹೋಗಿದ್ದೇ ಕಡಿಮೆ, ದೇಶ ಎಲ್ಲಿಂದ ಬದಲಾಗಲಿ. ನಾಲ್ಕನೆಯದು: ಡಿಸ್ಕಿನಲ್ಲಿ ಜಾಗ ಇದೆಯೇ? ಇದೆ. ಐದನೆಯದು, ಮತ್ತೆ: ಆಫ್ ಮಾಡಿ ಆನ್ ಮಾಡಿ. ಅಷ್ಟರಲ್ಲಿ ಕರೆಂಟಿನವರು ಅದನ್ನೂ ಮಾಡಿಕೊಟ್ಟರು, ನಿಮ್ಮ ಕಿಟಕಿಯೇ ಮುಚ್ಚಿತು. ಮತ್ತೆ ತೆರೆದರೆ ಬೇರೊಬ್ಬರು, ಮತ್ತೆ ಮೊದಲಿಂದ. ಒಂದು ಗಂಟೆ ನಲವತ್ತು ನಿಮಿಷ ಕಳೆದ ಮೇಲೆ ಆರನೆಯ ಉತ್ತರದಲ್ಲಿ ಸತ್ಯ ಹೊರಬಿತ್ತು. ಚಂದಾ ಮುಗಿದಿದೆ. ಇದನ್ನು ಮೊದಲೇ ಹೇಳಿದ್ದರೆ ನಿಮ್ಮ ಗಂಟೇನು ಹೋಗುತ್ತಿತ್ತು?

ಉಚಿತ ಅನ್ನುವ ಪದಕ್ಕೆ ನಮ್ಮಲ್ಲಿ ಪುಕ್ಕಟೆ ಅಂತಲೂ ಅರ್ಥ, ಯೋಗ್ಯ ಅಂತಲೂ ಅರ್ಥ. ನಿಮ್ಮದು ಎರಡೂ ಅಲ್ಲ. ಚಂದಾ ಕಟ್ಟುವಷ್ಟು ದಿನ ಆಟ ನನ್ನದು, ತಪ್ಪಿದ ದಿನ ನಿಮ್ಮದು. ಇದಕ್ಕೆ ನಮ್ಮ ಹಿರಿಯರು ಇಟ್ಟ ಹೆಸರು ಗೇಣಿ. ದೇವರಾಜ ಅರಸರ ಕಾಲದಲ್ಲಿ, 1974ರಲ್ಲಿ, ಈ ರಾಜ್ಯದಲ್ಲಿ ಗೇಣಿ ಪದ್ಧತಿ ಹೋಯಿತು. ಉಳುವವನೇ ಹೊಲದೊಡೆಯ ಅಂದರು. ಗೇಣಿದಾರರೆಲ್ಲ ಏಳನೇ ನಂಬರ್ ಫಾರಂ ತುಂಬಿ ಡಿಕ್ಲರೇಶನ್ ಹಾಕಿದರು. ನಾನೂ ಹಾಕುವವನಿದ್ದೇನೆ: ಸದರಿ ಆಟದ ಸದರಿ ಗೋಧಿ ಹೊಲವನ್ನು ನಾನು ಎರಡು ಮಳೆಗಾಲ ಸ್ವಂತ ಹೆಬ್ಬೆರಳಿನಿಂದ ಉತ್ತಿದ್ದೇನೆ, ಸಾಕ್ಷಿಗೆ ಹೆಂಡತಿ ಇದ್ದಾಳೆ, ಆದಕಾರಣ ಆಡುವವನೇ ಆಟದೊಡೆಯ ಎಂದು ತೀರ್ಮಾನಿಸಿ ಪಟ್ಟೆ ಮಾಡಿಕೊಡಬೇಕು.

ಈ ಉಚಿತ ಆಟಗಳ ಲೋಕದ ಚರಿತ್ರೆಯನ್ನೂ ಮಗನಿಂದ ಕೇಳಿ, ಓದಿ ತಿಳಿದುಕೊಂಡೆ, ಸಿಟ್ಟು ಬಂದರೆ ನಾನು ಓದಲು ಶುರು ಮಾಡುತ್ತೇನೆ. ಪ್ಲೇಸ್ಟೇಷನ್ ಪ್ಲಸ್ ಹುಟ್ಟಿದ್ದು 2010ರ ಜೂನ್‌ನಲ್ಲಿ. ಎಕ್ಸ್‌ಬಾಕ್ಸ್‌ನವರು 2013ರಲ್ಲಿ ಗೇಮ್ಸ್ ವಿತ್ ಗೋಲ್ಡ್ ಅಂತ ಶುರು ಮಾಡಿ 2023ರ ಆಗಸ್ಟ್ ಕೊನೆಗೆ ಮುಚ್ಚಿದರು. ಅವರ ಹಳೆಯ 360 ಪೆಟ್ಟಿಗೆಗೆ ಕೊಟ್ಟ ಆಟಗಳು ಚಂದಾ ನಿಂತ ಮೇಲೂ ಪಡೆದವರ ಬಳಿಯೇ ಉಳಿಯುತ್ತಿದ್ದವಂತೆ. ಅಂದರೆ ದಾನ ಕೊಟ್ಟು ಬೀಗ ಹಾಕದೆ ಇರಲು ಸಾಧ್ಯವಿತ್ತು. ಇವರಲ್ಲಿ ನೀವು ಯಾರು, ಅಥವಾ ಮೂರನೆಯವರೋ, ನಾನು ಬರೆಯುವುದಿಲ್ಲ. ವಕೀಲರ ಫೀಸಿಗೆ ಮೆಣಸು ಮಾರುವ ಆಸೆ ನನಗಿಲ್ಲ.

ಸರಿ, ಚಂದಾ ಯಾಕೆ ಮುಗಿಯಿತು? ನನ್ನ ಹಳೆಯ ಕಾರ್ಡಿನ ಅವಧಿ ಮುಗಿದು ಬ್ಯಾಂಕು ಹೊಸದು ಕಳಿಸಿತ್ತು. 2021ರ ಅಕ್ಟೋಬರ್ 1ರಿಂದ ನಮ್ಮ ದೇಶದಲ್ಲಿ ಕಾರ್ಡಿನಿಂದ ತಾನಾಗಿ ದುಡ್ಡು ಕಡಿತವಾಗಬೇಕಾದರೆ ಮೊದಲು ಓಟಿಪಿ ಕೊಟ್ಟು ಒಪ್ಪಿಗೆ ನೋಂದಾಯಿಸಬೇಕು, ಕಡಿತಕ್ಕೆ 24 ಗಂಟೆ ಮೊದಲು ಬ್ಯಾಂಕು ತಿಳಿಸಬೇಕು. ನಿಯಮ ಒಳ್ಳೆಯದೇ, ನಾನು ತಕರಾರು ಮಾಡುವುದಿಲ್ಲ. ಉಂಬಳ ಕಚ್ಚುವಾಗಲೂ ಒಂದು ಎಸ್ಸೆಮ್ಮೆಸ್ ಬಂದರೆ ಯಾರಿಗೆ ಬೇಡ? ತೊಂದರೆ ಏನೆಂದರೆ ಆ ಎಸ್ಸೆಮ್ಮೆಸ್ ನನ್ನ ಮನೆಗೆ ಬರುವುದಿಲ್ಲ.

ಇದನ್ನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ, ಯಾಕೆಂದರೆ ನಿಮ್ಮವರಲ್ಲಿ ಯಾರಿಗೂ ಅರ್ಥವಾಗಲಿಲ್ಲ. ಇಂಟರ್ನೆಟ್ಟು ನಮ್ಮನೆಗೆ ಸಿಲ್ವರ್ ಓಕ್ ಮರದಿಂದ ಮರಕ್ಕೆ ಕಟ್ಟಿದ ವೈರಿನಲ್ಲಿ ಬರುತ್ತದೆ. ಕೊಂಬೆ ಬೀಳದ ದಿನ ಚೆನ್ನಾಗಿಯೇ ಬರುತ್ತದೆ. ಮೊಬೈಲಿನ ಸಿಗ್ನಲ್ ಬರುವುದಿಲ್ಲ. ಅದು ಇರುವುದು ಗುಡ್ಡದ ನೆತ್ತಿಯಲ್ಲಿ, ಒಂಟಿ ನೇರಳೆ ಮರದ ಬುಡದಲ್ಲಿ, ಅದೂ ಬಡಗಣ ಬದಿಗೆ. ಆ ಗುಡ್ಡಕ್ಕೆ ಹಿಂದೆ ಬೇರೆ ಹೆಸರಿತ್ತು, ಈಗ ಎಲ್ಲರೂ ಓಟಿಪಿ ಗುಡ್ಡ ಅನ್ನುತ್ತಾರೆ. ಗ್ಯಾಸ್ ಬುಕ್ ಮಾಡುವವರು, ಆಧಾರ್ ತಿದ್ದುವವರು, ಪಿಂಚಣಿ ಕೇಳುವ ಅಜ್ಜಿಯರು, ಎಲ್ಲರ ಯಾತ್ರಾಸ್ಥಳ. ಮನೆಯಿಂದ ಹತ್ತಲು ಇಪ್ಪತ್ತು ನಿಮಿಷ, ಇಳಿಯಲು ಹದಿನೈದು, ಜಾರಿದರೆ ಎರಡು. ನಿಮ್ಮ ಓಟಿಪಿಯ ಆಯುಸ್ಸು ಹತ್ತು ನಿಮಿಷ. ವೈಫೈ ಮೇಲೆಯೇ ಕರೆ, ಮೆಸೇಜು ಬರುವ ಫೋನುಗಳಿವೆಯಂತೆ. ನನ್ನದಕ್ಕೆ ಆ ವಿದ್ಯೆ ಬಾರದು.

ನಿಮಗೊಂದು ವಿಷಯ ಗೊತ್ತಿರಲಿ. ಈ ಜಾವಳಿ ಹೇಮಾವತಿ ಹುಟ್ಟುವ ಊರು. ಇಲ್ಲಿ ಹುಟ್ಟಿದ ನೀರು ಗೊರೂರಿನ ಅಣೆಕಟ್ಟಿಗೆ ಹೋಗಿ, ಕಾಲುವೆ ಹಿಡಿದು ತುಮಕೂರಿನವರೆಗೆ ಮುಟ್ಟುತ್ತದೆ. ಒಂದು ದಿನವಾದರೂ ನಾವು ಹಾಸನದವರನ್ನು, ತುಮಕೂರಿನವರನ್ನು ಓಟಿಪಿ ಕೇಳಿದ್ದೇವಾ? ಚಂದಾ ಮುಗಿಯಿತು ಅಂತ ನದಿಗೆ ಬೀಗ ಹಾಕಿದ್ದೇವಾ? ಡೌನ್‌ಲೋಡ್ ಅಂದರೆ ಹೇಗಿರಬೇಕು ಅಂತ ನೋಡಲು ನೀವು ಒಮ್ಮೆ ಆಷಾಢದಲ್ಲಿ ಇಲ್ಲಿಗೆ ಬರಬೇಕು.

ಇವತ್ತೇ ಕೊನೆಯ ದಿನವಾಗಿತ್ತು. ಈ ತಿಂಗಳ ಉಚಿತ ಆಟ ಮೀನು ಹಿಡಿಯುವುದು. ಮಳೆ ಶುರುವಾದಾಗ ಗದ್ದೆಗೆ ಹತ್ತುಮೀನು ಏರಿ ಬರುತ್ತಿದ್ದ ಕಾಲ ಕಂಡವನು ನಾನು, ಈಗ ಮೊಣಕಾಲು ಒಪ್ಪುವುದಿಲ್ಲ. ಟಿವಿಯಲ್ಲಾದರೂ ಹಿಡಿಯೋಣ ಅಂತ ಆಸೆ. ಗಡುವಿನೊಳಗೆ ಒಂದು ಸಲ ಗುಂಡಿ ಒತ್ತಿ ಖಾತೆಗೆ ಸೇರಿಸಿಕೊಂಡರೆ ಸಾಕು, ಇಳಿಸಿಕೊಳ್ಳುವುದು ಯಾವತ್ತಾದರೂ ಆಯಿತು. ಅರವತ್ತು ಜಿಬಿ ಆಟ ನಮ್ಮ ಹತ್ತು ಎಂಬಿಪಿಎಸ್ ವೈರಿನಲ್ಲಿ ಇಳಿಯಲು ಹದಿಮೂರು ಗಂಟೆ ಚಿಲ್ಲರೆ, ಕರೆಂಟಿನವರು ಆಫ್ ಮಾಡಿ ಆನ್ ಮಾಡುವ ಸಮಯ ಬಿಟ್ಟು. ಆದರೆ ಸೇರಿಸಿಕೊಳ್ಳಲು ಚಂದಾ ಬೇಕು, ಚಂದಾಕ್ಕೆ ಓಟಿಪಿ ಬೇಕು, ಓಟಿಪಿಗೆ ಗುಡ್ಡ ಬೇಕು.

ಉಪಾಯ ಮಾಡಿದೆವು. ಹೆಂಡತಿ ಟಿವಿ ಮುಂದೆ ಕೈಯಲ್ಲಿ ಕಂಟ್ರೋಲರ್ ಹಿಡಿದು. ಕಾಫಿ ಕಣದಲ್ಲಿ ಲೈನ್ ಮನೆಯ ಒಬ್ಬ ಹುಡುಗ, ಹತ್ತು ರೂಪಾಯಿ ಕೂಲಿಗೆ. ಗುಡ್ಡದ ಮೇಲೆ ಕೊಪ್ಪೆ ಹಾಕಿಕೊಂಡು ನಾನು. ಹೆಂಡತಿ ಗುಂಡಿ ಒತ್ತಿದಳು, ಹುಡುಗ ಸಿಳ್ಳೆ ಹಾಕಿದ, ನನ್ನ ಫೋನು ಟಿಣ್ ಅಂದಿತು. ಆಹಾ, ತಂತ್ರಜ್ಞಾನ! ಮೊದಲ ಅಂಕಿ ಏಳು. 'ಏಳೂ...' ಅಂತ ಕೂಗಿದೆ. ಕಣದ ಕಟ್ಟೆ ಮೇಲೆ ಕೂತಿದ್ದ ಹುಡುಗ ಎದ್ದು ನಿಂತ. 'ಏಳೋ!' ಅಂದೆ. 'ಎದ್ದಿದೀನಲ್ಲಾ ಗೌಡ್ರೆ, ಈಗೇನು?' ಅಂದ. ಅಷ್ಟಕ್ಕೇ ಎರಡು ನಿಮಿಷ. ಮುಂದಿನದು ಮೂರು. ಮಳೆಯಲ್ಲಿ ಮೂರು ಅಂದರೆ ಆರು ಅಂತ ಕೇಳುತ್ತದೆ, ಆರು ಅಂದರೆ ನೂರು. ನಿಮ್ಮ ಪೆಟ್ಟಿಗೆ ತಪ್ಪು ಸಂಖ್ಯೆ ಅಂದಿತು.

ಎರಡನೆಯ ಸಲ ಹುಡುಗನಿಗೆ ಮೊದಲೇ ಹೇಳಿ ನಿಲ್ಲಿಸಿಯೇ ಇಟ್ಟೆ. ಐದು ಅಂಕಿ ಸರಿಯಾಗಿ ಹೋದವು. ಆರನೆಯದಕ್ಕೆ ಕರೆಂಟಿನವರು ಆಫ್ ಮಾಡಿದರು. ಮೂರನೆಯ ಸಲ ನಿಮ್ಮ ಪರದೆ ಮತ್ತೆ ತಪ್ಪು ಅಂದಿತು, ಬ್ಯಾಂಕಿನವರು ನನ್ನ ಸುರಕ್ಷತೆಗಾಗಿ ಕಾರ್ಡನ್ನು ಒಂದು ದಿನದ ಮಟ್ಟಿಗೆ ಕಟ್ಟಿಹಾಕಿದರು. ಗಡುವು ಕಳೆಯಿತು. ಮೀನು ಹೋಯಿತು. ನಾಳೆ ಚಂದಾ ಕಟ್ಟಿದರೆ ಹಳೆಯ ಬೀಗಗಳು ಬಿಚ್ಚಿಕೊಳ್ಳುತ್ತವೆ, ಗೋಧಿ ಹೊಲ ವಾಪಸು ಬರುತ್ತದೆ, ಈ ಮೀನು ಮಾತ್ರ ಬರುವುದಿಲ್ಲ. ಮುಂದಿನ ತಿಂಗಳದ್ದು ಏನು ಅಂತ ನೋಡಿದೆ. ಹೆಣಗಳು ಎದ್ದು ಓಡಾಡುವ ಆಟ. ಅದಕ್ಕೂ ಯಾರಾದರೂ 'ಏಳು' ಅಂತ ಕೂಗಿರಬೇಕು.

ಇಷ್ಟಕ್ಕೇ ನಿಂತಿದ್ದರೆ ನಾನು ಈ ಪತ್ರ ಬರೆಯುತ್ತಿರಲಿಲ್ಲ, ಕಡುಬು ತಿಂದು ಮಲಗುತ್ತಿದ್ದೆ. ಒದ್ದೆ ಬಟ್ಟೆಯಲ್ಲೇ ಕೂತು ನಿಮ್ಮ ಕಿಟಕಿಯಲ್ಲಿ ದೂರು ಬರೆದೆ: ಮೊಬೈಲಿಗೆ ಓಟಿಪಿ ತಲುಪುವುದಿಲ್ಲ, ಬೇರೆ ದಾರಿ ಮಾಡಿಕೊಡಿ. ಉತ್ತರ ಬಂತು. 'ನಿಮ್ಮ ತೊಂದರೆ ನಮಗೆ ಅರ್ಥವಾಗುತ್ತದೆ. ದೂರು ದಾಖಲಿಸಲು ನಿಮ್ಮ ಮೊಬೈಲಿಗೆ ಕಳಿಸಿರುವ ಆರಂಕಿಯ ಸಂಖ್ಯೆಯನ್ನು ನಮೂದಿಸಿ.'

ಏನ್ರೀ ಇದು? ಹುಡುಗಾಟವಾ? ಓಟಿಪಿ ಬರುವುದಿಲ್ಲ ಅನ್ನುವ ದೂರಿಗೆ ಓಟಿಪಿ ಕೇಳುತ್ತೀರಲ್ಲ, ಅದನ್ನು ಬರೆದಿಟ್ಟವನು ಮನುಷ್ಯನೋ ಯಂತ್ರವೋ, ಯಾವನಾದರೂ ಒಬ್ಬ ಒಮ್ಮೆ ಓದಿ ನೋಡಿರಬೇಕಲ್ಲ! ಇಮೇಲಿಗೆ ಕಳಿಸಿ ಅಂದೆ. ನನ್ನ ಇಮೇಲು ನಿಮ್ಮ ಬಳಿ ಇದೆ, ವಾರಕ್ಕೆ ಮೂರು ಜಾಹೀರಾತು ಕಳಿಸುತ್ತೀರಿ, ಅವು ಒಂದೂ ದಾರಿ ತಪ್ಪುವುದಿಲ್ಲ, ಗುಡ್ಡ ಹತ್ತಿಸುವುದಿಲ್ಲ, ನೆಟ್ಟಗೆ ಮನೆಯೊಳಗೇ ಬರುತ್ತವೆ. ದುಡ್ಡು ಕೇಳುವ ಕಾಗದ ಬರುವ ದಾರಿಯಲ್ಲಿ ಆರು ಅಂಕಿ ಬರಲು ಏನು ಧಾಡಿ? ಅದು ಸುರಕ್ಷಿತವಲ್ಲವಂತೆ. ಗುಡ್ಡದ ಮೇಲೆ ನಿಂತು ಇಡೀ ಊರಿಗೆ ಕೇಳುವ ಹಾಗೆ ಓಟಿಪಿ ಕೂಗುವುದು ಸುರಕ್ಷಿತವಾ? ಇವತ್ತು ನನ್ನ ಓಟಿಪಿ ಆಚೆ ತೋಟದ ರೈಟರಿಗೂ ಬಾಯಿಪಾಠವಾಗಿದೆ. ಸಂಜೆ ಸಿಕ್ಕಿ, 'ಗೌಡ್ರೆ, ಎರಡನೇದು ಮೂರೋ ಆರೋ?' ಅಂತ ನಗುತ್ತಾ ಕೇಳಿದ.

ಇನ್ನೂ ಬರೆಯುವುದಿತ್ತು. ನಿಮ್ಮ ಪೆಟ್ಟಿಗೆಯ ಭಾಷೆಗಳ ಪಟ್ಟಿಯಲ್ಲಿ ಕನ್ನಡ ಇಲ್ಲದ್ದು, ಅದೂ ಕನ್ನಡ ತಂತ್ರಾಂಶಕ್ಕಾಗಿ ತಲೆ ಕೆಡಿಸಿಕೊಂಡ ತೇಜಸ್ವಿಯವರ ಮೂಡಿಗೆರೆಗೆ ಇಂಥ ಪೆಟ್ಟಿಗೆ ಬಂದದ್ದು. ಅಪ್‌ಡೇಟ್ ಅಂತ ಆಟಕ್ಕಿಂತ ದೊಡ್ಡ ಬಾಲ ಕಳಿಸುವುದು. ಬಿಡಿ. ಓಟಿಪಿ ನೆನಪಾದರೆ ಬೇರೇನೂ ಹೊಳೆಯುತ್ತಿಲ್ಲ.

ಉಂಬಳದ ಬಗ್ಗೆ ಒಂದು ಮಾತು ಮಾತ್ರ ಹೇಳಿಬಿಡುತ್ತೇನೆ. ಅದು ಕಚ್ಚುವಾಗ ನೋವೇ ಗೊತ್ತಾಗುವುದಿಲ್ಲ. ರಕ್ತ ಹೆಪ್ಪುಗಟ್ಟದ ಹಾಗೆ ತನ್ನದೇ ಮದ್ದು ಹಾಕಿ, ಸದ್ದಿಲ್ಲದೆ ಕುಡಿಯುತ್ತದೆ. ಇಷ್ಟರವರೆಗೆ ನಿಮ್ಮ ಚಂದಾದ ಹಾಗೆಯೇ. ಆದರೆ ಹೊಟ್ಟೆ ತುಂಬಿದ ಮೇಲೆ ತಾನಾಗಿ ಕಳಚಿ ಬಿದ್ದು ಹೋಗುತ್ತದೆ. ಮುಂದಿನ ತಿಂಗಳು ಇದೇ ದಿನ ಬಂದು ಅದೇ ಜಾಗ ಹಿಡಿಯುತ್ತೇನೆ ಅನ್ನುವುದಿಲ್ಲ. ಹಿಂದೆ ಕಚ್ಚಿದ್ದಕ್ಕೆ ಕೃತಜ್ಞತೆ ಕೇಳುವುದಿಲ್ಲ.

ಹೆಂಡತಿ ದೀಪ ತಂದಿಟ್ಟು ಬರೆದದ್ದನ್ನು ಓದಿದಳು. 'ಇಷ್ಟೆಲ್ಲ ಬೈದು, ನಾಳೆ ಮತ್ತೆ ಚಂದಾ ಕಟ್ತೀರಾ?' ಅಂದಳು. ಗೋಧಿ ಕಟಾವಿಗೆ ಬಂದಿದೆ, ಬಿಡುವುದು ಹೇಗೆ ಅಂದೆ. ನಾಳೆ ಕಾರ್ಡು ಬಿಚ್ಚಿಕೊಂಡ ಮೇಲೆ ಗುಡ್ಡ ಹತ್ತಿ, ನೇರಳೆ ಮರದ ಬುಡದಲ್ಲಿ ಕೂತು ಫೋನಿನಲ್ಲೇ ಚಂದಾ ಕಟ್ಟಿ, ಅದರಲ್ಲೇ ಓಟಿಪಿ ಒತ್ತುವುದು ಅಂತ ತೀರ್ಮಾನವಾಗಿದೆ. ಹೀಗೂ ಆಗುತ್ತದೆ ಅಂತ ನಿಮ್ಮವರಲ್ಲಿ ಒಬ್ಬರೂ ಹೇಳಲಿಲ್ಲ. ಹೇಳಿದ್ದು ಕಣದ ಹುಡುಗ, ಹತ್ತು ರೂಪಾಯಿ ಇಸಕೊಂಡ ಮೇಲೆ.

ಇತಿ,
ನಿಮ್ಮ ಗೇಣಿದಾರ

ತಾ.ಕ.: ಉತ್ತರ ಬರೆಯುವುದಿದ್ದರೆ ಕಾಗದದಲ್ಲಿ ಬರೆದು ಅಂಚೆಗೆ ಹಾಕಿ. ಎಸ್ಸೆಮ್ಮೆಸ್ ಮಾತ್ರ ಬೇಡ. ಈಗಷ್ಟೇ ಕರೆಂಟು ಬಂತು. ಬೆಳಕಲ್ಲಿ ನೋಡಿದರೆ ಬಲಗಾಲಿನ ಬೆರಳ ಸಂದಿಯಲ್ಲಿ ಹನ್ನೆರಡನೆಯದು.